ಹುಲ್ಲು, ಒಂದು ಕಟ್ಟು

ಮುಹರ್ರಕ್ಕಿನ ಹಳೇ ಪೇಟೆಯ ಹಿಂದೆ
ಇಬ್ಬರು ಎದುರಾದರೆ ಒಬ್ಬ ಗೋಡೆಗೊರಗಬೇಕಾದ ಓಣಿ.
ಅಲ್ಲಿ ನಮ್ಮ ಕೋಲ್ಡ್ ಸ್ಟೋರು.
ಹೆಸರಿಗೆ ಕೋಲ್ಡು. ಜುಲೈಯಲ್ಲಿ ಒಳಗೆ ನಿಂತವನಿಗೆ ಗೊತ್ತು.

ಖುಬ್ಬೂಸು, ಮೊಸರು, ಲೈಟರು, ಬಿಡಿ ಮೊಟ್ಟೆ.
ಗಲ್ಲಾಪೆಟ್ಟಿಗೆಯ ಹಿಂದೆ ಮೊಳೆಗೆ ಜೋತುಬಿದ್ದ ಕಾರ್ಡುಗಳು:
ಫೋನಿಗೆ, ಊರಿಗೆ ಮಾತಾಡಲಿಕ್ಕೆ,
ನೀಲಿಯವು ಆಟದ ಪೆಟ್ಟಿಗೆಯ ಚಂದಾಕ್ಕೆ,
ಒಂದು ತಿಂಗಳು, ಮೂರು, ಹನ್ನೆರಡು.
ಹಿಂಬದಿ ಕೆರೆದರೆ ಅಂಕಿ.
ಎಷ್ಟೋ ಮಕ್ಕಳಿಗೆ ನಾನೇ ಕೆರೆದುಕೊಟ್ಟು
ಹೆಬ್ಬೆರಳ ಉಗುರಲ್ಲಿ ಯಾವಾಗಲೂ ಒಂದಿಷ್ಟು ಬೆಳ್ಳಿ.

ಇಶಾ ಬಾಂಗು ಮುಗಿದ ಮೇಲೆ ಬಂದ
ಮೇಲ್ಮಾಳಿಗೆಯ ಸುಡಾನಿ ಮಾಣಿ, ಮುಜ್ತಬಾ.
ಗಾಜಿನ ಮೇಲೆ ಚಿಲ್ಲರೆ ಸುರಿದ.
ಎಣಿಸಿದೆ: ಎರಡು ದಿನಾರು, ಏಳುನೂರು ಫಿಲ್ಸು.
ಕಾರ್ಡಿಗೆ ನಾಲ್ಕು.

“ಸದೀಕ್, ಎಲ್ಲಕ್ಕೂ ಬೀಗ ಬಿದ್ದಿದೆ.
ಹತ್ತೊಂಬತ್ತು ಆಟ. ತಿಂಗಳು ತಿಂಗಳೂ ಪುಕ್ಕಟೆ ಅಂತ ಕೊಟ್ಟದ್ದು,
ನನ್ನವು ಅಂತ ನಾನು ಒತ್ತಿ ಒತ್ತಿ ಇಟ್ಟುಕೊಂಡದ್ದು.
ಈಗ ಚಿತ್ರ ಕಾಣುತ್ತದೆ, ಹೆಸರು ಕಾಣುತ್ತದೆ,
ಮೂಲೆಯಲ್ಲೊಂದು ಪುಟ್ಟ ಬೀಗ.”

ಅಪ್ಪನ ಬ್ಯಾಂಕಿನಿಂದ ತಾನಾಗಿ ಹೋಗುತ್ತಿತ್ತಂತೆ,
ಈ ಸಲ ಹೋಗಲಿಲ್ಲವಂತೆ.
ಯಾಕೆ ಅಂತ ನಾನು ಕೇಳಲಿಲ್ಲ.
ಉದ್ರಿ ಪುಸ್ತಕದಲ್ಲಿ ಆ ಮನೆಯ ಪುಟ ಎರಡು ಸಲ ಮಗುಚಿದೆ.

ದಮ್ಮಾಮಿನ ಮಾವ ಒಂದು ಕಾರ್ಡಿನ ಅಂಕಿ ಕಳಿಸಿದ್ದ, ಹತ್ತಲಿಲ್ಲ.
ಸೇತುವೆಯಾಚೆಯ ಕಾರ್ಡು ಈಚೆಯ ಖಾತೆಗೆ ಆಗುವುದಿಲ್ಲ.

“ಡಿಸ್ಕಿನ ಆಟ ಇಲ್ಲವಾ?”
“ಒಂದಿದೆ, ಫುಟ್‌ಬಾಲು. ಅದಕ್ಕೆ ಬೀಗ ಇಲ್ಲ.
ಆದರೆ ಅದರಲ್ಲಿ ಕುದುರೆ ಇಲ್ಲ.”

ಎಂಥ ಕುದುರೆ ಮಾರಾಯ?

ಬೂದು ಬಣ್ಣ, ಹಣೆಗೆ ಬಿಳಿ ಚುಕ್ಕೆ.
ಮಂಜಿನ ಬೆಟ್ಟದ ಬುಡದಲ್ಲಿ ಹಿಡಿದು ಪಳಗಿಸಿದ್ದು.
ಉಮ್ ದುರ್ಮಾನಿನ ಅಜ್ಜಿಯ ಹೆಸರಿಟ್ಟಿದ್ದಾನೆ,
ಅಪ್ಪನಿಗೆ ಹೇಳಬೇಡ ಎಂದ.
ಹೊಳೆ ದಾಟಿಸುತ್ತಿದ್ದಾಗ ಅಮ್ಮ ಊಟಕ್ಕೆ ಕರೆದಳು.
ಆ ರಾತ್ರಿಯೇ ಚಂದಾ ಮುಗಿಯಿತು.
“ನೀರಲ್ಲೇ ನಿಂತಿದೆ, ಸದೀಕ್.”

ಅಂಗಡಿಯವನ ಹಾಗೆಯೇ ಹೇಳಿದೆ:
ಅಳಿಸಿಹೋಗುವುದಿಲ್ಲ. ನೀನು ಬಿಟ್ಟ ಜಾಗ ಪೆಟ್ಟಿಗೆಯಲ್ಲಿ ಬರೆದಿರುತ್ತದೆ,
ದುಡ್ಡು ಕಟ್ಟಿದರೆ ಅಲ್ಲಿಂದಲೇ.

“ಅಲ್ಲಿವರೆಗೆ ಏನು ತಿನ್ನುತ್ತದೆ?”

ಬೀಗ ಹಾಕಿದಲ್ಲಿ ಹೊತ್ತು ನಡೆಯುವುದಿಲ್ಲ, ಹಸಿವೂ ಇಲ್ಲ ಎಂದೆ.
ಎನ್ನುವಾಗ ನಾಲಿಗೆ ತುಸು ತಡೆಯಿತು.
ಹೋದ ಚಳಿಗಾಲ ನನ್ನ ಸಿಪಿಆರ್ ಮುಗಿದು ಐವತ್ತು ದಿನ
ಅಲವಿ ಕಾಕ ನಾಳೆ, ನಾಳೆ ಎನ್ನುತ್ತಿದ್ದರು.
ಓಣಿಯ ಬಾಯಿ ದಾಟಲಿಲ್ಲ ನಾನು.
ಕ್ಷೌರವಿಲ್ಲ, ದುಡ್ಡು ಕಳಿಸುವ ಕಿಟಕಿಯಿಲ್ಲ.
ಹಸಿವು ಮಾತ್ರ ದಿನಕ್ಕೆ ಮೂರು ಸಲ,
ಗಡಿಯಾರ ಇಟ್ಟ ಹಾಗೆ.

ಕಾಕನ ಕಾನೂನು ಒಂದೇ:
ಅಕ್ಕಿ, ನೀರು, ಸಿಗರೇಟು ಉದ್ರಿಯಾದರೆ ಆಗಲಿ,
ಕಾರ್ಡು ಮಾತ್ರ ಕೈಗೆ ಕಾಸು ಬಿದ್ದ ಮೇಲೆ.
ಕೆರೆದದ್ದನ್ನು ವಾಪಸು ತೆಗೆದುಕೊಳ್ಳುವವರಿಲ್ಲ.

ಕೆರೆದೆ.
ಹುಡುಗ ಅಂಕಿಗಳನ್ನು ಅಂಗೈಮೇಲೆ ಬರೆದುಕೊಂಡ,
ಮುಷ್ಟಿ ಕಟ್ಟಿ ಮೆಟ್ಟಿಲು ಹತ್ತಿದ.

ಆಮೇಲೆ ಪುಸ್ತಕ ತೆರೆದು ಅವರ ಪುಟದಲ್ಲಿ,
ಹಾಲು ಎರಡು, ಸಕ್ಕರೆ ಒಂದರ ಕೆಳಗೆ ಬರೆದೆ:
ಹುಲ್ಲು, ಒಂದು ಕಟ್ಟು. 1.300
ಕಾಕನಿಗೆ ಮಲಯಾಳ ಬರುತ್ತದೆ, ಅರಬಿ ಬರುತ್ತದೆ,
ಕನ್ನಡ ಓದಲು ಬರುವುದಿಲ್ಲ.
ತಿಂಗಳ ಕೊನೆಗೆ ಕೂಡಿಸುವಾಗ ಬೆರಳಿಟ್ಟು ಕೇಳಿದರೆ
ಸೊಪ್ಪು ಎನ್ನುತ್ತೇನೆ.

ಮರುದಿನ ಖುಬ್ಬೂಸಿಗೆ ಬಂದ.
ಕೇಳಬಾರದು ಎಂದುಕೊಂಡಿದ್ದೆ, ಕೇಳಿಯೇಬಿಟ್ಟೆ.

“ಅಲ್ಲೇ ಇತ್ತು. ನೀರಲ್ಲಿ,
ಒಂದು ಕಾಲು ಎತ್ತಿಕೊಂಡು.”

ಮತ್ತೆ?

“ದಾಟಿಸಿದೆ. ಆಚೆ ದಡದಲ್ಲಿ ನಿಲ್ಲಿಸಿದ್ದೇನೆ.
ಇನ್ನು ಮುಗಿದುಹೋದರೂ
ಒಣ ನೆಲದ ಮೇಲೆ ಇರುತ್ತದೆ.
ಐದು ಖುಬ್ಬೂಸು ಕೊಡು. ಬರೆದುಕೋ.”