ನಾಲ್ಕೂಕಾಲರಲ್ಲಿ ಕಳೆದದ್ದು

ಬೆಳಗಿನ ಪಾಳಿ ಮುಗಿದದ್ದು ಹತ್ತೂಕಾಲಿಗೆ.
ಮತ್ತೆ ಸೀಟಿ ಊದಬೇಕಾದ್ದು ಎರಡೂವರೆಗೆ.
ನಡುವಿನ ನಾಲ್ಕೂಕಾಲು ಗಂಟೆ ನನ್ನದು.
ಶಾಂತಿನಗರ ಡಿಪೋದಿಂದ ಲಗ್ಗೆರೆಗೆ ಐವತ್ತು ನಿಮಿಷ,
ಭಾನುವಾರವಾದ್ದರಿಂದ ಐವತ್ತೇ.

ಇಂಚರ ಮಂಚದ ಮೇಲೆ ಬೋರಲು ಮಲಗಿ
ಆರನೇ ಕ್ಲಾಸಿನ ಹೋಮ್‌ವರ್ಕು ಬರೆಯುತ್ತಿದ್ದಳು.
"ಒಂದು ಲೆಕ್ಕ ಮನೇದೇ ಮಾಡ್ಕೊಂಡು ಬನ್ನಿ ಅಂದ್ರಮ್ಮ ಮಿಸ್ಸು.
ನಿಂದು ಹಾಕ್ದೆ."

ನಾಲ್ಕೂಕಾಲು, ಕಳೆ, ಒಂದೂ ಮೂರನೇ ಎರಡು.
ಹೋಗೋದೂ ಬರೋದೂ ಸೇರಿ ನೂರು ನಿಮಿಷ.
ನನ್ನ ದಾರಿಯನ್ನು ಭಿನ್ನರಾಶಿಯಲ್ಲಿ
ಇದುವರೆಗೆ ಯಾರೂ ಬರೆದಿರಲಿಲ್ಲ.

ಒಂದರ ಛೇದ ನಾಲ್ಕು, ಇನ್ನೊಂದರದು ಮೂರು.
ಬೇರೆ ಬೇರೆ ಕಡೆ ಕತ್ತರಿಸಿದ ಗಂಟೆಗಳು
ಒಂದರ ಪಕ್ಕ ಒಂದು ಕೂರುವುದಿಲ್ಲ.
ಅವಳು ಗೋಡೆ ನೋಡಿ ಹನ್ನೆರಡು ಹಿಡಿದಿದ್ದಾಳೆ.
ಸಹಕಾರ ಸಂಘದವರು ಕೊಟ್ಟ ಗಡಿಯಾರ,
ಮನೆಗೆ ಐದು ನಿಮಿಷದಂತೆ ಹನ್ನೆರಡು ಮನೆ.
ಕಾಲು ಅಂದರೆ ಮೂರು ಮನೆ,
ಮೂರನೇ ಎರಡು ಅಂದರೆ ಎಂಟು.

ಕೆಟ್ಟದ್ದು ಅಲ್ಲಿ.
ಮೂರರಲ್ಲಿ ಎಂಟು ಹೋಗಲ್ಲವೆಂದು
ಎಂಟರಲ್ಲೇ ಮೂರು ಕಳೆದಿದ್ದಾಳೆ.
ನಾಲ್ಕರಲ್ಲಿ ಒಂದು ಕಳೆದು
ಉತ್ತರದ ಕೆಳಗೆ ಎರಡು ಗೆರೆ ಬೇರೆ:
ಮೂರೂ ಹನ್ನೆರಡನೇ ಐದು.
ಅಮ್ಮ ಮನೇಲಿ
ಮೂರು ಗಂಟೆ ಇಪ್ಪತ್ತೈದು ನಿಮಿಷ.

ಚೀಲವನ್ನು ಹೆಗಲಿಂದ ಇಳಿಸದೆ ನಿಂತೆ.
ತಪ್ಪು ಎಷ್ಟು ಜಾಸ್ತಿ ಕೊಟ್ಟಿದೆ?
ಐವತ್ತು ನಿಮಿಷ.
ಸರಿಯಾಗಿ ಒಂದು ಕಡೆಯ ದಾರಿ.
ಬಂದವಳು ವಾಪಸ್ ಹೋಗಬೇಕಿಲ್ಲ ಎಂಬ ಹಾಗೆ.

ರಬ್ಬರು ಎತ್ತಿಕೊಂಡೆ. ಇಟ್ಟೆ.
ಮತ್ತೆ ಎತ್ತಿಕೊಂಡೆ.

"ನಾಲ್ಕರ ಹತ್ರ ಒಂದು ಸಾಲ ತಗೋಬೇಕಿತ್ತಾ?"
ಸಾಲವಲ್ಲ ಕಣೇ, ನೋಟು ಮುರಿಸೋದು.
ಬೆಳಿಗ್ಗೆ ಆರಕ್ಕೇ ನೂರರ ನೋಟು ನೀಡಿ
ಹನ್ನೆರಡು ರೂಪಾಯಿ ಟಿಕೆಟ್ ಕೇಳ್ತಾರಲ್ಲ, ಹಂಗೆ.
ನಾಲ್ಕು ಇಡೀ ಗಂಟೇಲಿ ಒಂದನ್ನ ಮುರಿ.
ಹನ್ನೆರಡು ಚಿಲ್ಲರೆ ಬಂತಾ?
ಮೊದಲಿದ್ದ ಮೂರರ ಜೊತೆ ಸೇರಿಸು, ಹದಿನೈದು.
ಈಗ ಎಂಟು ಎಣಿಸಿ ಕೊಡು.
ಚೀಲದ ದುಡ್ಡು ಚೀಲದಲ್ಲೇ ಇತ್ತು,
ಸದ್ದು ಮಾತ್ರ ಹೆಚ್ಚಾಯಿತು.

ಉಳಿದದ್ದು ಏಳು. ಈಚೆ ಮೂರರಲ್ಲಿ ಒಂದು ಹೋಗಿ ಎರಡು.
ಎರಡೂ ಹನ್ನೆರಡನೇ ಏಳು.
ಗಡಿಯಾರದ ಮೇಲೆ ದೂರದಿಂದಲೇ ಬೆರಳಾಡಿಸಿ
"ಇಷ್ಟೇನಾ?" ಅಂದಳು.
ಇಷ್ಟೇ.
ಅದರಲ್ಲೂ ನಿನಗೆ ಹೇಳಿಕೊಟ್ಟದ್ದಕ್ಕೆ ಎರಡು ಮನೆ ಖರ್ಚು.

ಒತ್ತಿ ಬರೆಯುವ ಕೈ ಅವಳದು.
ಎಷ್ಟು ಉಜ್ಜಿದರೂ ಹಾಳೆಯಲ್ಲಿ ಆ ಮೂರು, ಆ ಐದು
ತಗ್ಗಾಗಿ ಉಳಿದವು.
ಅದರ ಮೇಲೆಯೇ ಸರಿಯುತ್ತರ ಬರೆಸಿ
ತಲೆಗೆ ಎಣ್ಣೆ ಹಚ್ಚಿದೆ,
ಕೂದಲನ್ನು ಮೂರು ಪಾಲು ಮಾಡಿ ಹೆಣೆದೆ,
ಬಿಸಿ ಅನ್ನಕ್ಕೆ ನೆನ್ನೆಯ ಸಾರು ಹುಯ್ದೆ.
ಅವಳು ಏನೋ ಹೇಳಿದಳು, ನಕ್ಕೆವು, ಅದು ಲೆಕ್ಕಕ್ಕಿಲ್ಲ.

ಚಪ್ಪಲಿ ಮೆಟ್ಟುವಾಗ ಹಿಂದಿನಿಂದ ಕೂಗಿದಳು,
"ಅಮ್ಮಾ, ಗಡಿಯಾರ ನೋಡು!"
ಒಂದು ಗಂಟೆ ನಲವತ್ತು.
ಕಳೆಯಬೇಕಾದ್ದು ಅಲ್ಲೇ ನಿಂತಿತ್ತು,
ಒಂದೂ ಮೂರನೇ ಎರಡು.