ಮೂರು ತ್ರಿಕೋನ

ಫೋರ್ಟ್ ಸ್ಟಾಕ್ಟನ್ ದಾಟಿ ನಲವತ್ತು ಮೈಲಿ,
ಹೆದ್ದಾರಿಯ ಬಲ ಅಂಚಿನಲ್ಲಿ
ನಿಂತಿತ್ತದು, ಬಿಳಿಯ ಟ್ರಕ್ಕು,
ಹದಿನೆಂಟು ಗಾಲಿಯಲ್ಲೊಂದು ಸಿಡಿದು
ರಬ್ಬರಿನ ಸಿಪ್ಪೆ ಅರ್ಧ ಫರ್ಲಾಂಗು ಚೆಲ್ಲಿ.

ಎಚ್ಚರದ ದೀಪ ಶಿಸ್ತಾಗಿ ಮಿಟುಕುತ್ತಿದೆ.
ಹಿಂದಿಡಬೇಕಾದ ಕೆಂಪು ತ್ರಿಕೋನಗಳಿಲ್ಲ.
ಇಳಿದು ಇಡಲು ಒಳಗೆ ಯಾರೂ ಇಲ್ಲ.

ರೊವೀನಾ ಪ್ಲಂಕೆಟ್, ಐವತ್ತೊಂಬತ್ತು.
ಬೆನ್ನ ಹಿಂದೆ ಇಪ್ಪತ್ತು ಟನ್ನು ಈರುಳ್ಳಿ.
ಗಾಡಿ ಸ್ವಂತದ್ದು, ಅಂದರೆ
ಬ್ಯಾಂಕಿನದಾಗಿದ್ದು ಈಗ ಮೆಕ್ಯಾನಿಕ್ಕಿನದು.
ಓಡಿದ್ದು ಹನ್ನೊಂದು ಲಕ್ಷ ಮೈಲಿ:
ಎರಡು ಸಲ ಚಂದ್ರನಿಗೆ ಹೋಗಿಬಂದು
ಮೂರನೆಯ ಸಲ ಅರ್ಧ ದಾರಿ ದಾಟಿ
ಡೀಸೆಲ್ಲಿಗೆ ಸಾಲ.

ಮೊದಲು ಬೈದಳು. ಬಾಯಿ ತುಂಬ ಬೈದಳು.
ಅದರ ನೆತ್ತಿಯಲ್ಲಿ ಗಿರಗಿರ ತಿರುಗುವ ಗಾಜಿನ ಕಣ್ಣಿಗೆ,
ಮೈಲಿಗೆ ಒಂದು ಡಾಲರ್ ಅರವತ್ತು ಸೆಂಟು,
ಬೇಕಾದರೆ ಎತ್ತು, ಇಲ್ಲವಾದರೆ ಬಿಡು ಎಂದ ದಲ್ಲಾಳಿಗೆ,
ಮೊಟ್ಟೆ ಹುರಿಯುವ ಒಲೆ ಕಿತ್ತು
ಚಾರ್ಜಿಂಗ್ ಕಂಬ ನೆಟ್ಟ ವ್ಯಾನ್ ಹಾರ್ನಿನ ತಂಗುದಾಣಕ್ಕೆ,
ಪಕ್ಕದಲ್ಲಿ ಕೂತಿರು, ಅದು ಕಲಿಯಲಿ, ಒಳ್ಳೆ ಸಂಬಳ
ಎಂದಾಗ ಹೋಗಿ ಕೂತ
ಗೆಳೆಯ ಅಂಬ್ರೋಸಿಯೋ ಲುಹಾನ್‌ನನ್ನೂ ಸೇರಿಸಿ.

ಎರಡು ವರ್ಷ ಕೂತಿದ್ದ ಅವನು, ಕೈ ತೊಡೆಯ ಮೇಲೆ.
"ಒಜೋನಾದ ಇಳಿಜಾರಿನಲ್ಲಿ
ಅಡ್ಡಗಾಳಿ ಬಡಿಯುವ ಮೊದಲೇ
ನನ್ನ ಹಾಗೇ ತುಸು ಎಡಕ್ಕೆ ವಾಲಿತು ಕಣೇ.
ಹೆಮ್ಮೆಯಾಯಿತು. ಹೊಟ್ಟೆಗೆ ಬೆಂಕಿಯೂ ಬಿತ್ತು."
ಆಮೇಲೊಂದು ಶುಕ್ರವಾರ ಸೀಟನ್ನೇ ಬಿಚ್ಚಿಕೊಂಡು ಹೋದರು.

ಕೈ ಕೆಸರಾದರೆ ಬಾಯಿ ಮೊಸರು.
ಇದಕ್ಕೋ, ಕೈಯೂ ಇಲ್ಲ, ಬಾಯಿಯೂ ಇಲ್ಲ.
ಮೊಸರು ಮಾತ್ರ
ಯಾರದೋ ಮನೆಯಲ್ಲಿ ಹೆಪ್ಪುಗಟ್ಟುತ್ತಲೇ ಇದೆ.

ಬೈಗುಳ ಮುಗಿಯಿತು. ಮುಂದೆ ಹೋಗಬಹುದಿತ್ತು.
ಹೋದಳು ಕೂಡ, ಕಾಲು ಮೈಲಿ.
ಸೂರ್ಯ ಆಗಷ್ಟೇ ಎದ್ದು ಗಾಜಿಗೆ ನೇರ.
ಕನ್ನಡಿಯಲ್ಲಿ ತಿರುವು. ತಿರುವಿನಾಚೆ
ಕಣ್ಣು ಕಿರಿದು ಮಾಡಿಕೊಂಡು ಬರುತ್ತಿರುವವರು
ಯಾರೋ, ಎಷ್ಟು ಜನವೋ.

ಬ್ರೇಕು. ಉಸ್ಸೆಂದಿತು ಗಾಡಿ, ಅವಳಿಗಿಂತ ಮೊದಲು.
ಸೀಟಿನಡಿಯ ಕೆಂಪು ಡಬ್ಬಿ ಕಂಕುಳಲ್ಲಿಟ್ಟು
ನೋಯುವ ಮಂಡಿಯಲ್ಲಿ ಹಿಂದಕ್ಕೆ ನಡೆದಳು.
ನಾಲ್ಕು ಹೆಜ್ಜೆಗೆ ಒಂದು.
ನಲವತ್ತಕ್ಕೆ ಒಂದು.
ಎಂಬತ್ತಕ್ಕೆ ಇನ್ನೊಂದು, ಗಾಳಿಗೆ ಹಾರದಂತೆ
ಬುಡಕ್ಕೆ ಕಲ್ಲು.

"ದಯವಿಟ್ಟು ವಾಹನದಿಂದ ದೂರವಿರಿ,"
ಎಂದಿತು ಟ್ರಕ್ಕು.
"ನಿನ್ನಜ್ಜಿ," ಎಂದಳು.

ಸ್ವಲ್ಪ ಹೊತ್ತಿಗೆ ಅದೇ ತೂತಿನಿಂದ
ಬೇರೊಂದು ದನಿ, ಎಳೆಯದು, ಕೆಮ್ಮಿಕೊಂಡು:
"ನಾನು ಟುಲ್ಸಾದಿಂದ. ಒಂಬತ್ತು ಗಾಡಿ ನನ್ನ ಪರದೆಯಲ್ಲಿವೆ.
ಮೆಕ್ಯಾನಿಕ್ ಬರಲು ಮೂರು ಗಂಟೆ.
ಉಪಕಾರವಾಯಿತು."
ಆಮೇಲೆ, ಯಾರಿಗೂ ಕೇಳಿಸಬಾರದೆಂಬಂತೆ:
"ಅಲ್ಲಿ... ಚಳಿ ಇದೆಯಾ?"

ಅವಳು ಸುತ್ತ ನೋಡಿದಳು.
"ಇದೆ. ರಾತ್ರಿ ಎರಡು ಹನಿ ಬಿದ್ದಿರಬೇಕು.
ಕ್ರಿಯೋಸೋಟ್ ಪೊದೆ ಘಮ್ಮೆನ್ನುತ್ತಿದೆ."
ಬರೆದುಕೊಂಡನೋ ಏನೋ,
ದನಿ ಮತ್ತೆ ಬರಲಿಲ್ಲ.

ಕ್ಯಾಬಿನ್ನಿನ ಯಂತ್ರ ಕೇಳಿತು:
ಇಪ್ಪತ್ತಾರು ನಿಮಿಷ ತಡ, ಕಾರಣ ಒತ್ತಿ.
ಸಂಚಾರ, ಹವಾಮಾನ, ಇಂಧನ, ಇತರೆ.
ಇತರೆ ಒತ್ತಿದಳು.

ಸ್ಯಾನ್ ಆಂಟೋನಿಯೋ ಇನ್ನೂ ಇನ್ನೂರ ಎಪ್ಪತ್ತು.
ಡಬ್ಬಿ ಖಾಲಿ. ತಪಾಸಣೆಗೆ ಸಿಕ್ಕರೆ ದಂಡ.
ಒಂದೊಂದೇ ಟೈರಿನ ಸದ್ದಿಗೆ ಕಿವಿಯಾನಿಸಿ
"ಇವತ್ತೊಂದಿನ ನಿಲ್ಲಬೇಡವೇ," ಎಂದಳು ಗಾಡಿಗೆ,
ಗೇರು ಏರಿಸುತ್ತ.
ಹಿಂದೆ ಈರುಳ್ಳಿ, ಮೂಟೆಗೆ ಮೂಟೆ ಒರಗಿ,
ತಿರುವಿನಲ್ಲಿ ಮೆಲ್ಲಗೆ ಸರಿದು ಕೂತಿತು.