ಕೌದಿಗುಬ್ಬಿ

ಫೆಬ್ರುವರಿಯ ಎರಡನೆಯ ರವಿವಾರ.
ಎಣಿಕೆಗೆ ಬಂದವರು ನಾವು ಮೂವರು,
ಬೀಳಗಿಯಿಂದ ಜೀಪು, ಹೆರಕಲ್ಲು ದಾಟಿ ಕಾಲುನಡಿಗೆ.
ಕೊರಳಲ್ಲಿ ದುರ್ಬೀನು, ಕೈಯಲ್ಲಿ ಇಲಾಖೆಯ ಫಾರ್ಮು.
ಹಿನ್ನೀರು ಹಿಂದೆ ಸರಿದಿತ್ತು. ದಂಡೆ
ಆಗಷ್ಟೇ ಸಾರಿಸಿದ ಪಡಸಾಲೆಯಂತೆ ಮಿರುಗುತ್ತಿತ್ತು.

ನಾನು ಮುಂದೆ ಕಾಲಿಟ್ಟೆ.
"ಏ ಮಾಸ್ತರಾ, ನಿಂದ್ರು!"
ಆಡು ಬಿಟ್ಟುಕೊಂಡು ಜಾಲಿಯ ನೆರಳಲ್ಲಿ ಕೂತವಳು, ಲಗಮವ್ವ.
"ಅದು ಹುದಲ. ಆಡು ದಾಟತೈತಿ, ನೀ ದಾಟೂದಿಲ್ಲ.
ಹ್ವಾದ ವರ್ಸ ಯಾರದೋ ಎಮ್ಮಿ ಹೊಂಟಿತ್ತು.
ನಾವು ಹಗ್ಗಾ ತರೂದ್ರಾಗ ಕೋಡಷ್ಟ ಕಾಣತಿದ್ದುವು."

ಕೋಲು ಚಾಚಿ ತೋರಿಸುತ್ತ ಹೋದಳು.
ಮೇಲೆ ಹಪ್ಪಳ, ಒಳಗೆ ಹಸಿ: ಅದು ಕೆನಿಮಣ್ಣು, ನಂಬಬೇಡ.
ಹೊಳೆ ಈ ಸಲ ತಂದು ಹಾಸಿದ್ದು ಮೆಕ್ಕಲು.
ಬೆಳ್ಳಗೆ ಉಪ್ಪು ಕಾರಿದ್ದು ಸವಳು, ಅಲ್ಲಿ ಹುಳವಿಲ್ಲ, ಹಕ್ಕಿಯೂ ಇಲ್ಲ.
ಬಿರುಕಿನೊಳಗೆ ಮುಂಗೈ ಇಳಿದರೆ ಎರಿ;
ಎಷ್ಟು ವರ್ಷ ನೀರಲ್ಲಿದ್ದರೂ ತನ್ನ ಗುಣ ಬಿಡದ ಎರಿ,
ಅದರ ಮೇಲೆ ಚಕ್ಕಡಿ ಹೊಡಿ ಬೇಕಾದರೆ.

ನನ್ನ ಫಾರ್ಮಿನಲ್ಲಿ ಇಷ್ಟಕ್ಕೂ ಒಂದೇ ಚೌಕ:
ಕೆಸರು. ಹೌದು / ಇಲ್ಲ.

ಧಾರವಾಡದ ತರಬೇತಿಯಲ್ಲಿ ಪರದೆಯ ಮೇಲೆ ತೋರಿಸಿದ್ದರು
ಒಬ್ಬ ಇನ್ಯುಇಟ್ ಮುದುಕನನ್ನು.
ಹೆಪ್ಪುಗಟ್ಟಿದ ಕಡಲ ಮೇಲೆ ಈಟಿಯ ಹಿಡಿ ಕುಟ್ಟಿ
ಕಿವಿಗೊಟ್ಟು ನಿಂತಿದ್ದ.
ಹೊರುವ ಹಿಮಕ್ಕೆ ಒಂದು ಹೆಸರು, ಹೊರದ ಹಿಮಕ್ಕೆ ಇನ್ನೊಂದು,
ನಿನ್ನೆ ಹೊತ್ತು ಇವತ್ತು ಒಲ್ಲೆನ್ನುವುದಕ್ಕೆ ಬೇರೆಯೇ.
ಮೊಮ್ಮಗ ಪಕ್ಕದಲ್ಲಿ ಬರೆದುಕೊಳ್ಳುತ್ತಿದ್ದ.
ನಾವೂ ಬರೆದುಕೊಂಡೆವು. ಆಮೇಲೆ ಚಹಾಕ್ಕೆ ಎದ್ದೆವು.

ಅಷ್ಟರಲ್ಲಿ ಹಿಂಡು ಇಳಿಯಿತು. ಕಿರು ಉಲ್ಲಂಕಿ,
ಹಿಡಿ ಮುಚ್ಚಿದರೆ ಅಡಗುವಷ್ಟು ಜೀವ.
ನಾನು ಪಾಠ ಶುರುಮಾಡಿದೆ:
ಗಿಡಮರವಿಲ್ಲದ ಉತ್ತರದ ತುದಿ, ಪಾಚಿಯ ಗುಳಿಯಲ್ಲಿ ಮೊಟ್ಟೆ,
ಆಗ ಅಲ್ಲಿ ಹೊತ್ತೇ ಮುಳುಗುವುದಿಲ್ಲ, ಅವ್ವಾ.
"ಹಂಗಾರ ನಿದ್ದಿ ಯಾವಾಗ ಮಾಡತೈತಿ?"
ಗೊತ್ತಿರಲಿಲ್ಲ.

"ಇದು ಕೌದಿಗುಬ್ಬಿ. ನೋಡಲ್ಲೆ, ಹೆಂಗ ಟಾಕಿ ಹಾಕತೈತಿ.
ನಮ್ಮವ್ವ ಹಿಂಗ, ತಲಿ ಎತ್ತತಿದ್ದಿಲ್ಲ.
ಜ್ವಾಳ ಬಿತ್ತೂ ಹೊತ್ತಿಗೆ ಬರತಾವ,
ಬೇವಿನ ಹೂ ಉದುರಿತಂದ್ರ ಹೋಗತಾವ.
ಹೋಗೂ ಮುಂದ ಕುತಿಗಿಗೆ ಕಾವಿ ಬಳದಂಗ ಆಗತೈತಿ."

ಎಣಿಸತೊಡಗಿದೆವು. ಎದ್ದು ಕೂತು ಎದ್ದು ಕೂತು
ಎರಡು ಸಲ ಲೆಕ್ಕ ತಪ್ಪಿಸಿದವು.
"ಹೊಲಾ ಹಿಡದು ಎಣಸೋ," ಅಂದಳು.
ಯಾವ ಹೊಲ? ಎದುರಿಗೆ ಬರೀ ಬೂದು ಹೊಳಪು.
"ಆ ಬೊಡ್ಡಿ ಕಾಣತೈತೇನು? ಹುಣಚಿಗಿಡಾ ಅದು. ಅಲ್ಲೀತನಕ ಕಂಬಾರರದು.
ಕಲ್ಲಿನಿಂದ ಈಚಿಗೆ ನಮ್ಮ ಮಾವನ ನಾಕೆಕರೆ.
ಆಚಿಗೆ ನದಾಫ ಹುಸೇನಸಾಬನ ಕಡ್ಲಿ."
ಅವಳ ಕೋಲು ಹೋದಲ್ಲಿ ಬದು ಎದ್ದವು.

ಕಂಬಾರರಲ್ಲಿ ಅರವತ್ತೆರಡು.
ಮಾವನ ನಾಕೆಕರೆಯಲ್ಲಿ ನೂರಾ ಹದಿನೆಂಟು.
ಹುಸೇನಸಾಬನ ಕಡಲೆಯಲ್ಲಿ ಏಳು, ಒಂದು ಕುಂಟುತ್ತಿತ್ತು.
"ಅಂವ ಮೊದಲಿಂದ್ಲೂ ಹಂಗ," ನಕ್ಕಳು,
"ಗೊಬ್ಬರಾ ಹಾಕಾಕ ಜೀವಾ ಹಿಡೀತಿದ್ದ."
ನಕ್ಕವಳು ಸೆರಗಿನಿಂದ ಬಾಯಿ ಒರೆಸಿಕೊಂಡು
ಸ್ವಲ್ಪ ಹೊತ್ತು ಆ ಕಡೆಯೇ ನೋಡಿದಳು.

ಫಾರ್ಮಿನ ಕೊನೆಗೆ 'ಷರಾ', ಎರಡು ಬೆರಳಗಲ ಜಾಗ.
ಹುದಲು, ಕೆನಿಮಣ್ಣು, ಹುಸೇನಸಾಬನ ಕಡಲೆ,
ಸಣ್ಣಕ್ಷರದಲ್ಲಿ ಬರೆದೆ. ಅಂಚು ದಾಟಿತು.
ಜೀಪಿನವ ಹಾರ್ನ್ ಹೊಡೆದ.

ರಾತ್ರಿ ನವನಗರದ ಮನೆಯ ಮೆಟ್ಟಿಲಿಗೆ ಬೂಟು ಬಡಿದೆ.
ಉದುರಿದ್ದನ್ನು ಬೆರಳಲ್ಲಿ ಉಜ್ಜಿ ನೋಡಿದೆ, ಮೂಸಿ ನೋಡಿದೆ.
ಮೆಕ್ಕಲು ಇರಬೇಕು.
ಕೇಳೋಣವೆಂದರೆ
ಲಗಮವ್ವನ ನಂಬರು ತಂದಿರಲಿಲ್ಲ.